ನನ್ನ ಗಂಟಲೊಳಗಿನ ಅತ್ತೆ

ಟೀವಿ ಸಮಾಜವನ್ನು ಕೆಡಿಸುತ್ತದೆಯೋ, ಸಮಾಜವೇ ಟೀವಿಯನ್ನು ಕೆಡಿಸುತ್ತದೆಯೋ ಎಂಬ ಚರ್ಚೆಗೆ ನನ್ನನ್ನು ಇದುವರೆಗೆ ಯಾರೂ ಕರೆದಿಲ್ಲ. ಕರೆದರೂ ಯಾವ ಪಕ್ಷದಲ್ಲಿ ಕೂರಬೇಕೆಂದು ನನಗೆ ತಿಳಿಯದು. ಏಕೆಂದರೆ ನಾನು ಟೀವಿಯ ಮುಂದೆಯೂ ಇದ್ದೇನೆ, ಒಳಗೂ ಇದ್ದೇನೆ. ಹೈದರಾಬಾದಿನಲ್ಲಿ ತಯಾರಾಗುವ ಒಂದು ತೆಲುಗು ಧಾರಾವಾಹಿ ಕನ್ನಡಕ್ಕೆ ಡಬ್ ಆಗಿ ಬರುತ್ತದೆ. ಅದರಲ್ಲಿ ಸೊಸೆಯನ್ನು ಗೋಳುಹೊಯ್ದುಕೊಳ್ಳುವ ಶ್ರೀಮಂತ ಅತ್ತೆಯ ಕನ್ನಡದ ದನಿ ನನ್ನದು. ಗಾಜಿನ ಕೋಣೆಯಲ್ಲಿ ನಿಂತು, ಪರದೆಯ ಮೇಲೆ ಆ ಮಹಾತಾಯಿ ಬಾಯಿ ತೆರೆದಾಗ ನಾನು ಗುಡುಗಬೇಕು, ಆಕೆ ಬಾಯಿ ಮುಚ್ಚಿದಾಗ ನಾನೂ ಮುಚ್ಚಬೇಕು.

ಗಾಜಿನ ಕೋಣೆಯಿಂದ ಹೊರಬಂದರೆ ನಾನು ಬೇರೆಯೇ ಪ್ರಾಣಿ. ಕಲಬುರಗಿಯ ತುಂಬಿದ ಮನೆಯ ಕೊನೆಯ ಮಗಳು ನಾನು. ನನ್ನ ಸರದಿ ಬರುವ ಹೊತ್ತಿಗೆ ಸಾರೂ ಮುಗಿದಿರುತ್ತಿತ್ತು, ಮಾತೂ ಮುಗಿದಿರುತ್ತಿತ್ತು. ಮದುವೆಯಾಗಿ ಹೈದರಾಬಾದಿನ ನಾಚಾರಂಗೆ ಬಂದ ಮೇಲೂ ನನ್ನ ದನಿ ಅಡುಗೆಮನೆಯ ಹೊಸ್ತಿಲು ದಾಟಲಿಲ್ಲ. ತರಕಾರಿ ಗಾಡಿಯವನನ್ನು ನಾನು ಕೂಗಿ ಮುಗಿಸುವಷ್ಟರಲ್ಲಿ ಅವನು ಮುಂದಿನ ಗಲ್ಲಿ ಸೇರಿರುತ್ತಾನೆ.

ಈ ಧಾರಾವಾಹಿಯ ಪರಮ ಭಕ್ತೆ ನನ್ನ ಸ್ವಂತ ಅತ್ತೆ. ಪರದೆಯ ಮೇಲಿನ ಅತ್ತೆ ಬಂದಳೆಂದರೆ, "ಇಕಿ ನಾಲಗಿ ಸೇದಿ ಹೋಗಲಿ!" ಎಂದು ಶಾಪ ಹಾಕುತ್ತಿದ್ದರು. ಸೇದಿ ಹೋಗಬೇಕಾದ ನಾಲಗೆ ಪಕ್ಕದಲ್ಲೇ ಕೂತು ಅವರೆಕಾಯಿ ಸುಲಿಯುತ್ತಿತ್ತು.

"ಅತ್ತಿ, ಆ ದನಿ ನಂದೇ ರಿ," ಎಂದು ಎಷ್ಟೋ ಸಲ ಹೇಳಿದೆ.

"ಸುಮ್ನಿರವಾ! ಕುಕ್ಕರ್ ಸೀಟಿ ಹೊಡದ್ರ ಬೆಚ್ಚಿ ಬೀಳ್ತಿ ನೀ. ಅಕಿ ಎಲ್ಲಿ, ನೀ ಎಲ್ಲಿ!"

ಹೀಗಿರುವಾಗ ನಮ್ಮ ಅಪಾರ್ಟ್‌ಮೆಂಟಿನ ಕಾರ್ಯದರ್ಶಿಗಳು, ಬೇವಿನ ಮರದ ಕೆಳಗಿನ ಕಲ್ಲು ಬೆಂಚನ್ನು ಕಿತ್ತು ಅಲ್ಲಿ ಕಾರು ನಿಲ್ಲಿಸಲು ಜಾಗ ಮಾಡುವುದೆಂದು ನಿರ್ಧರಿಸಿದರು. ಆ ಬೆಂಚಿನ ಮೇಲೆ ಸಂಜೆ ನನ್ನ ಅತ್ತೆ ಮತ್ತು ಅವರ ಗೆಳತಿಯರ ಸಭೆ ಸೇರುತ್ತಿತ್ತು. ಒಬ್ಬರದು ತೆಲುಗು, ಒಬ್ಬರದು ಮರಾಠಿ, ಇನ್ನೊಬ್ಬರದು ದಖನಿ ಉರ್ದು. ಯಾರಿಗೂ ಯಾರ ಭಾಷೆಯೂ ಪೂರ್ತಿ ಬಾರದು. ಆದರೆ ಎಲ್ಲರೂ ತಂತಮ್ಮ ಭಾಷೆಯ ಧಾರಾವಾಹಿಗಳನ್ನು ನೋಡುವವರು, ಮತ್ತು ಸೊಸೆಯ ಕಣ್ಣೀರು ಎಲ್ಲ ಭಾಷೆಯಲ್ಲೂ ಒಂದೇ. ಈ ಊರಿಗೆ ಬಂದ ಹೊಸತರಲ್ಲಿ ಗೋಡೆ ನೋಡಿಕೊಂಡು ಕೂತಿರುತ್ತಿದ್ದ ಅತ್ತೆ, ನಗುವುದನ್ನು ಮತ್ತೆ ಕಲಿತದ್ದು ಆ ಬೆಂಚಿನ ಮೇಲೆ. ಸುದ್ದಿ ಕೇಳಿದ ದಿನ ಅವರು ಧಾರಾವಾಹಿಯನ್ನೂ ನೋಡದೆ ಮಲಗಿಬಿಟ್ಟರು. ನನಗೆ ಗಾಬರಿಯಾಯಿತು.

ಭಾನುವಾರ ಬೆಳಿಗ್ಗೆ ಮೀಟಿಂಗು. ಅತ್ತೆಯನ್ನೂ ಕರೆದುಕೊಂಡು ಹೋದೆ. ಕಾರ್ಯದರ್ಶಿಗಳು ತೆಲುಗಿನಲ್ಲಿ ಒಮ್ಮೆ, ಹಿಂದಿಯಲ್ಲಿ ಒಮ್ಮೆ ಕಾರುಗಳ ಕಷ್ಟವನ್ನು ವರ್ಣಿಸಿದರು. ನಾನು ಎದ್ದು ನಿಂತು, "ಸಾರ್, ಒಕ್ಕ ನಿಮಿಷಂ," ಎಂದೆ. ಪಕ್ಕದಲ್ಲಿದ್ದ ಫ್ಯಾನಿಗೂ ಕೇಳಿಸಲಿಲ್ಲ. ಇನ್ನೊಮ್ಮೆ ಅಂದೆ. "ಸರಿ, ಎಲ್ಲರೂ ಒಪ್ಪಿದಂತಾಯಿತು," ಎಂದು ಅವರು ಎದ್ದೇಬಿಟ್ಟರು. ಅತ್ತೆಯ ಕಡೆ ನೋಡಿದೆ. ಅವರು ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಿದ್ದರು.

ಆಮೇಲೆ ನಡೆದದ್ದನ್ನು ನಾನು ಮಾಡಿದೆ ಎನ್ನಲಾರೆ, ನನ್ನ ಗಂಟಲು ಮಾಡಿತು.

"ನಿಲ್ಲಿ ಅಲ್ಲೇ!"

ಫ್ಯಾನು ತಿರುಗುತ್ತಿತ್ತು, ಉಳಿದದ್ದೆಲ್ಲ ನಿಂತಿತು.

"ಹಿರಿಯರು ಕೂರುವ ಜಾಗವನ್ನು ಕಿತ್ತುಹಾಕುವಷ್ಟು ದೊಡ್ಡವರಾದಿರಾ ನೀವು? ಆ ಕಲ್ಲನ್ನು ಮುಟ್ಟಿ ನೋಡಿ! ನಾನಿರುವವರೆಗೆ ಅದು ಅಲ್ಲಿಂದ ಒಂದು ಕೂದಲೆಳೆಯಷ್ಟೂ ಸರಿಯುವುದಿಲ್ಲ!"

ಅಚ್ಚ ಕನ್ನಡ. ಅಲ್ಲಿದ್ದ ಬಹುತೇಕರಿಗೆ ಒಂದು ಪದವೂ ತಿಳಿಯಲಿಲ್ಲ. ಆದರೆ ಆ ಏರು, ಆ ಇಳಿ, ಕೊನೆಯಲ್ಲಿ ಮೂಗಿನಿಂದ ಬಿಡುವ ಆ ಉಸಿರು ಮನೆಮನೆಗೂ ಪರಿಚಿತ. ತೆಲುಗಿನ ಮೂಲ ನಟಿಯ ಉಸಿರನ್ನೇ ಅಳೆದು ಅಳೆದು ನಾನು ಕಲಿತದ್ದಲ್ಲವೇ! ಹಿಂದಿನ ಸಾಲಿನಲ್ಲಿ ಒಬ್ಬಾಕೆ, "ಅಮ್ಮೋ! ಅಚ್ಚಂ ಆವಿಡೇ!" ಎಂದು ಚೀರಿದಳು, ಥೇಟ್ ಅವಳೇ ಎಂದು. ಹೆಂಗಸರೆಲ್ಲ ಎದ್ದು ನಿಂತರು. ಕಾರ್ಯದರ್ಶಿಗಳ ಹೆಂಡತಿಯೇ ಗಂಡನ ತೋಳು ಹಿಡಿದು ಕುರ್ಚಿಯಲ್ಲಿ ಕೂರಿಸಿದರು. "ಬೆಂಚ್ ಅಕ್ಕಡೇ ಉಂಟುಂದಿ ಮೇಡಂ," ಎಂದು ಕಾರ್ಯದರ್ಶಿಗಳು ತಗ್ಗಿದ ದನಿಯಲ್ಲಿ ಒಪ್ಪಿಕೊಂಡರು. ಬೆಂಚು ಅಲ್ಲೇ ಇರುತ್ತದೆ! ಚಪ್ಪಾಳೆಯೋ ಚಪ್ಪಾಳೆ.

ಅತ್ತೆ ಮಾತ್ರ ಬಾಯಿ ತೆರೆದು ನನ್ನನ್ನೇ ನೋಡುತ್ತಿದ್ದರು. "ಅಯ್ಯ ನಮ್ಮವ್ವ! ಅಕಿ ನೀನೇ ಏನು?" ಎಂದವರು ನನ್ನ ಕೈ ಹಿಡಿದು, ಮನೆಯವರೆಗೂ ಬಿಡದೆ, ಎದುರಾದವರಿಗೆಲ್ಲ "ನಮ್ಮ ಸೊಸಿ ರಿ, ಭಾಳ ಜೋರ್ ಅದಾಳ" ಎಂದು ಹೇಳುತ್ತ ನಡೆದರು. ಇಡೀ ಜನ್ಮದಲ್ಲಿ ನಾನು ಅಷ್ಟು ಎತ್ತರ ಬೆಳೆದದ್ದಿಲ್ಲ.

ಮರುದಿನ ಸಂಜೆ ಬೆಂಚಿನಿಂದ ಕರೆ ಬಂತು. ಸನ್ಮಾನವೆಂದುಕೊಂಡು ಸೀರೆ ಬದಲಿಸಿಕೊಂಡು ಹೋದೆ. ನಾಲ್ವರೂ ಸಾಲಾಗಿ ಕೂತಿದ್ದರು.

"ಟೀವ್ಯಾಗಿನ ಆ ಬಡ ಹುಡುಗೀನ ಯಾಕ ಉಪವಾಸ ಕೆಡವಿದಿ?" ಅತ್ತೆ ಶುರು ಮಾಡಿದರು.

"ನಾ ಏನ್ ಮಾಡ್ಲಿ ಅತ್ತಿ, ಬರದು ಕೊಟ್ಟದ್ದು ಓದ್ತೀನಿ."

"ಸೆಕ್ರೆಟರಿಗೇ ಬಗ್ಗಿಸಿದಾಕಿ, ಬರಿಯಾವ್ರಿಗೆ ಎರಡು ಮಾತು ಹೇಳಾಕ ಬರಂಗಿಲ್ಲೇನು? ಊಟ ಹಾಕು ಅಕಿಗೆ!"

ದಖನಿ ಅಜ್ಜಿಯೂ ಬೆರಳಾಡಿಸಿ, "ಹೌ, ಖಾನಾ ದೇ ಉಸ್ಕು!" ಎಂದರು.

ನಾನು ಆಗಲೆಂದು ತಲೆಯಾಡಿಸಿ ಬಂದೆ. ಮುಂದಿನ ವಾರದ ಕಂತುಗಳಿಗೆ ನಾನು ಈಗಾಗಲೇ ದನಿ ಕೊಟ್ಟಾಗಿದೆ. ಬರುವ ಸೋಮವಾರದ ಕಂತಿನಲ್ಲಿ ಆ ಹುಡುಗಿಯನ್ನು ಮನೆಯಿಂದಲೇ ಹೊರಗೆ ಹಾಕುತ್ತೇನೆ, ಅದೂ ಬಹಳ ಚೆನ್ನಾಗಿ. ಹಾಗಾಗಿ ಮಂಗಳವಾರದಿಂದ, ನಾನೇ ಹೋರಾಡಿ ಉಳಿಸಿದ ಬೆಂಚಿನ ಮುಂದೆ ಹಾಯದೆ, ಹಿಂದಿನ ಗೇಟಿನಿಂದ ಮನೆ ಸೇರುವುದೆಂದು ತೀರ್ಮಾನಿಸಿದ್ದೇನೆ.