ಪುರವರಕ್ಕೆ ಬರೆದ ಸಂಭಾಷಣೆ

ಸಿನಿಮಾಕ್ಕೆ ಬರೆಯುವವನು ಸಂಸಾರಕ್ಕೂ ಬರೆದುಕೊಟ್ಟಾನು ಎಂಬ ನಂಬಿಕೆ ನಮ್ಮ ಮಧುಗಿರಿ ಸೀಮೆಯಲ್ಲಿ ಹೇಗೆ ಹುಟ್ಟಿತೋ ಕಾಣೆ. ಐವತ್ತರ ದಶಕದಲ್ಲಿ ನಾನು ಮದರಾಸಿನಲ್ಲಿ ಕೂತು ಪುರಾಣ, ಪತ್ತೇದಾರಿ, ಹಾಸ್ಯ, ಗೋಳು, ಯಾವುದು ಕೇಳಿದರೆ ಅದನ್ನು ಬರೆಯುತ್ತಿದ್ದೆ. ಊರಿಗೆ ಬಂದಾಗಲೆಲ್ಲ ಇಂಥದ್ದೊಂದು ತಗಲಿಕೊಳ್ಳುತ್ತಿತ್ತು.

ಕಣ್ಣಿನ ಡಾಕ್ಟ್ರು

ಶಿರಾ ಬಸ್‌ಸ್ಟ್ಯಾಂಡಿನ ಎದುರು ಅತ್ತರಿನಂಗಡಿಯ ಸಾಹೇಬರು ನನ್ನನ್ನು ತಡೆದು ನಿಲ್ಲಿಸಿದರು.

"ನಿಮ್ ಪಿಕ್ಚರ್‌ನಾಗೆ ಕುರುಡಿ ತಾಯಿಗೆ ಕೊನೇಲಿ ಕಣ್ಣು ಬಂತಲ್ಲ ಸಾಬ್, ಯಾವ ಡಾಕ್ಟ್ರು?"

"ಡಾಕ್ಟರು ಯಾರೂ ಇಲ್ಲ. ಕಣ್ಣು ಬಂತು ಅಂತ ನಾನೇ ಬರೆದೆ."

ಅವರು ಸ್ವಲ್ಪ ಯೋಚಿಸಿ, ಒಳಗಿಂದ ಪೆನ್ನು ತಂದು ನನ್ನ ಕೈಗಿಟ್ಟರು. "ಹಂಗಾದ್ರೆ ನಮ್ ಅಮ್ಮೀಗೂ ಬರೀರಿ."

ಬೇಗ ಮುಗಿಸಬಾರದೇ

ಜಗಳವಾಡಿದ ಅಣ್ಣತಮ್ಮಂದಿರು ಕೊನೆಗೆ ಒಂದಾಗುವ ನನ್ನ ಚಿತ್ರ ಪಾವಗಡದ ಟೆಂಟಿಗೆ ಬಂದಿತ್ತು. ಆಟ ಬಿಟ್ಟ ಮೇಲೆ ಮುದುಕನೊಬ್ಬ ಹತ್ತಿರ ಬಂದ.

"ಏಮಪ್ಪಾ, ಕೊನೇಲಿ ಕೂಡ್ಸೋನು ಮೊದ್ಲೇ ಕೂಡ್ಸಿದ್ರೆ ಆಗ್ತಿತ್ತು ಕದಾ? ನಾಳೆ ಕಡ್ಲೆಕಾಯಿ ಕೀಳೋದೈತೆ ನಮ್ಗೆ."

ಅಣ್ಣನ ಮಾತು, ತಮ್ಮನ ಮಾತು

ಅದೇ ಚಿತ್ರ ನೋಡಿ ಪುರವರದಿಂದ ಒಬ್ಬ ಮುದುಕಿ ನಮ್ಮ ಮನೆಗೇ ಬಂದಳು. ಅವಳ ಗಂಡುಮಕ್ಕಳಿಬ್ಬರೂ ಭಾಗವಾಗುವಾಗ ಜೋಡೆತ್ತನ್ನೂ ಬಿಡದೆ ತಲೆಗೊಂದರಂತೆ ಹೊಡೆದುಕೊಂಡು ಹೋಗಿದ್ದರು. ಅಂದಿನಿಂದ ಮಾತಿಲ್ಲ. ಈಗ ತಮ್ಮನ ಮಗಳ ಮದುವೆ ಹತ್ತಿರ ಬಂದಿತ್ತು.

"ಅವ್ರಿಬ್ರೂ ಮಾತಾಡ್ದಿದ್ರೆ ನಾನು ಮೊಮ್ಮಗಳ ಧಾರೆ ನೋಡಾಕಿಲ್ಲ ಕಣಪ್ಪ. ಟೆಂಟ್‌ನಾಗೆ ಕೂಡಿಸ್ದಂಗೆ ಕೂಡ್ಸು."

ಸಿನಿಮಾದ ಮಾತು ನಿಜವಾದ ಮನುಷ್ಯರ ಮೇಲೆ ನಾಟುತ್ತದೆಯೇ ಎಂದು ನನಗೂ ಕುತೂಹಲ. ಒಪ್ಪಿಕೊಂಡು ಬರೆದೇಬಿಟ್ಟೆ. ತಮ್ಮ ಮೊದಲು "ಅಣ್ಣಾ, ತಪ್ಪಾಯ್ತು" ಅನ್ನಬೇಕು. ತಮ್ಮ ಓದಿ, ಆಗಲಿ, ಆದರೆ ಅಣ್ಣ ಅಳಬೇಕು ಎಂದ. ಅಣ್ಣನಿಗೆ ಅದನ್ನು ತಿಳಿಸಿದೆ.

"ಅಳಾಕಿಲ್ಲ. ಬೇಕಾದ್ರೆ ಮೂಗೊರಸ್ಕೋತೀನಿ" ಎಂದ. ಜೊತೆಗೆ ತಮ್ಮನಿಗೆ ತನಗಿಂತ ಮಾತು ಜಾಸ್ತಿ ಎಂಬ ತಕರಾರು ಬೇರೆ. ಮದರಾಸಿನ ಹೀರೋಗಳದ್ದೂ ಇದೇ ಗೋಳು. ಹಾಗಾಗಿ ಸರಿಸಮ ಮಾಡಿಕೊಟ್ಟೆ.

ಗೊತ್ತುಮಾಡಿದ ದಿನ ತಾಯಿಯ ಜಗಲಿಯ ಮುಂದೆ ಇಬ್ಬರೂ ಎದುರುಬದುರು ನಿಂತರು. ತಮ್ಮ ಬಾಯಿ ತೆರೆದ. ಮಾತು ಬರಲಿಲ್ಲ. ಮತ್ತೆ ತೆರೆದ, ಮತ್ತೆ ಮುಚ್ಚಿದ. ಮುದುಕಿ ಕಂಬ ಹಿಡಿದುಕೊಂಡಳು. ಅಣ್ಣ ಚಪ್ಪಲಿ ಮೆಟ್ಟಿ ತಿರುಗಿ ಹೊರಟೇಬಿಟ್ಟ. ನಾಲ್ಕು ಹೆಜ್ಜೆ ಹೋದವನು ತಡೆಯಲಾರದೆ ನಿಂತ.

"ಲೇ, 'ಅಣ್ಣಾ' ಅಂತ ಶುರುವಾಯ್ತದೆ ಕಣ್ಲಾ."

"ನನ್ ಮಾತು ನಿಂಗೆಂಗೆ ಗೊತ್ತು?"

"ನಿಂದೂ ಕಲ್ತಿವ್ನಿ. ಇಸ್ಕೂಲ್‌ನಾಗೆ ನೀನು ಪದ್ಯ ಮರ್ತಾಗೆಲ್ಲ ಕಿಟಕಿ ತಾವ ನಿಂತು ಯಾರ್ಲಾ ಹೇಳ್ಕೊಡ್ತಿದ್ದಿದ್ದು?"

ತಮ್ಮ ನಕ್ಕ. ನಗುತ್ತ ನಗುತ್ತಲೇ ಬಿಕ್ಕಿದ. ಅಣ್ಣ ಬಂದು ಅವನ ಹೆಗಲು ಹಿಡಿದು, ಚಪ್ಪರಕ್ಕೆ ಗಳ ತಂದಿದೀಯಾ ಇಲ್ವಾ ಎಂದು ಗದರಿಸತೊಡಗಿದ. ನನ್ನ ಕಣ್ಣೂ ಒದ್ದೆಯಾಯಿತು.

ಮುದುಕಿ ನನ್ನ ಮುಂದೆ ಎಲೆ ಹಾಕಿದಳು.

"ನೀನು ಬರ್ದಿದ್ದು ಒಂದ್ ಮಾತೂ ಕೆಲ್ಸಕ್ಕೆ ಬರ್ನಿಲ್ಲ ಕಣಪ್ಪ. ಆದ್ರೂ ಉಂಡ್ಕಂಡು ಹೋಗು."