ಓವನ್ನಿಗೆ ಹೋದ ಗೆಣಸು

ಮೆಟ್ಟುಪಾಳ್ಯಂನ ರಂಗನಾಯಕಿ ಅಮ್ಮನಿಗೆ ನಾನು ಒಂದು ಊಟ ಬಾಕಿ ಉಳಿಸಿಕೊಂಡಿದ್ದೇನೆ. ಇವತ್ತಿಗೂ ತೀರಿಸಿಲ್ಲ. ತೀರಿಸುತ್ತೇನೆಂದು ಬಾಯಿ ತೆರೆದರೆ ಆಕೆ ಎರಡೂ ಕೈ ಜೋಡಿಸಿ, "ಬೇಡೀಂಗ, ನೀವು ಸುಮ್ಮನೆ ಕೂತಿದ್ರೆ ಅದೇ ನಮಗೆ ವಿರುಂದು" ಅನ್ನುತ್ತಾರೆ. ವಿರುಂದು ಅಂದರೆ ನಮ್ಮ ಕಡೆ ಹಬ್ಬದೂಟ.

ಈ ಸಾಲ ಹುಟ್ಟಿದ್ದು ನನ್ನ ಬಾಯಿಂದಲೇ. ಅದೇನು ಸಾಮಾನ್ಯ ಬಾಯಲ್ಲ! ಕರುಮತ್ತಂಪಟ್ಟಿಯಲ್ಲಿ ಮಗ್ಗದವರ ಸಂಘ ಕಟ್ಟಿದ ಬಾಯಿ. ಪವರ್‌ಲೂಮುಗಳು ಖಟಖಟ ಹೊಡೆಯುತ್ತಿದ್ದರೂ ಮೈಕಿಲ್ಲದೆ ಮೂರು ಬೀದಿಗೆ ಕೇಳಿಸುವ ಬಾಯಿ. ಕೂಲಿ ಏರಿಸಿ ಎಂದು ಗೇಟಿನಲ್ಲಿ ಕೂಗಿ, ಹಿಡಿದು ತುಂಬಿದ ಪೊಲೀಸ್ ವ್ಯಾನಿನೊಳಗೂ ಕೂಗಿ, ಆ ವ್ಯಾನಿನ ಡ್ರೈವರನಿಗೂ ಓವರ್‌ಟೈಮ್ ಕೊಡಿ ಎಂದು ಕೂಗಿದ ಬಾಯಿ! ಇಂಥ ಲಿಂಗಸಾಮಿ ಒಂದು ಜುಜುಬಿ ಗೆಣಸಿಗೆ ಹೆದರುತ್ತಾನೆಯೆ ಎಂದು ನಾನೇ ಎದೆ ತಟ್ಟಿಕೊಂಡೆ. ತಟ್ಟಿದ ಸದ್ದು ಈಗಲೂ ಕಿವಿಯಲ್ಲಿದೆ.

ನಡೆದದ್ದು ಹೀಗೆ. ನನ್ನ ಮಗಳು ಅಭಿನಯಾಗೆ ತಿರುಪ್ಪೂರಿನ ಒಂದು ಬನಿಯನ್ ಕಂಪನಿಯಲ್ಲಿ ಕೆಲಸ. ಅಲ್ಲಿಯೇ ಕೆಲಸ ಮಾಡುವ ಮಣಿಕಂಡನ್ ಎಂಬ ಹುಡುಗನನ್ನು ಮೆಚ್ಚಿಕೊಂಡಳು. ಅವರೂ ನಮ್ಮ ಹಾಗೆ ಮನೆಯೊಳಗೆ ಕನ್ನಡ, ಹೊಸಿಲು ದಾಟಿದರೆ ತಮಿಳು. ಆದರೆ ನಾವು ಮಗ್ಗದವರು, ಅವರು ಬೇಸಾಯದವರು. ಈಗ ತರಕಾರಿ ಮಂಡಿ ಇಟ್ಟಿದ್ದಾರೆ. ಹುಡುಗನ ತಾಯಿ ರಂಗನಾಯಕಿ ಹೂಂ ಅಂದರೆ ಮದುವೆ, ಇಲ್ಲವಾದರೆ ಇಲ್ಲ.

"ಅಪ್ಪಾ," ಎಂದಳು ಮಗಳು, ಅವರ ಮನೆಗೆ ಹೊರಟ ದಿನ. "ಇದು ಮುರಿದರೆ ಇನ್ನೊಬ್ಬನ ಫೋಟೋ ತಂದು ನನ್ನ ಮುಂದೆ ಇಡಬಾರದು. ಇವತ್ತು ಒಂದಿನ ಬಾಯಿ ಮುಚ್ಚಿಕೊಂಡಿರಿ. ನಿಮ್ಮ ಕಾಲು ಹಿಡೀತೀನಿ."

ಮುಚ್ಚಿಕೊಂಡೇ ಇದ್ದೆ. ಕಾಫಿ ಬರುವವರೆಗೆ ಮುಚ್ಚಿಕೊಂಡಿದ್ದೆ. ಆಗ ರಂಗನಾಯಕಿ ಅಮ್ಮ ಕೇಳಿದರು:

"ಹುಡುಗಿಗೆ ಅಡ್ಗೆ ಬತ್ತದಾಂಗ?"

ಮಗಳು ನನ್ನ ತೊಡೆ ಚಿವುಟಿದಳು. ತಡವಾಗಿತ್ತು.

"ಯಾಕಮ್ಮಾ ಹುಡುಗಿಗೇ ಅಡ್ಗೆ ಬರ್ಬೇಕು? ಗಂಡಸಿಗೆ ದೇವ್ರು ಕೈ ಕೊಟ್ಟಿಲ್ವಾ? ಒಲೆ ಮುಂದೆ ಗಂಡೇನು, ಹೆಣ್ಣೇನು? ನಮ್ಮನೇಲಿ ಆ ಭೇದವೇ ಇಲ್ಲ. ನಮ್ಮನೇಲಿ ಅಡ್ಗೆ ಮಾಡೋದೇ ನಾನು!"

ನನ್ನ ಹೆಂಡತಿ ಚಂದ್ರಾಗೆ ಕಾಫಿ ಮೂಗಿಗೆ ಏರಿತು. ಆಕೆ ಕೆಮ್ಮಿದ್ದು ಕೇಳಿ ಊಟಿ ರೈಲು ಹೊರಟಿತೇನೋ ಎಂದು ಪಕ್ಕದ ಮನೆಯವರು ಇಣುಕಿದರು.

ರಂಗನಾಯಕಿ ಅಮ್ಮ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. "ಅಂಗೀಂಗಳಾ? ಸಂತೋಷ. ಅಂಗಾದ್ರೆ ಬರೋ ಭಾನುವಾರ ನಿಮ್ಮನೆಗೆ ಊಟಕ್ಕೆ ಬತ್ತೀವಿ. ನೀವೇ ಮಾಡಿ ಹಾಕಿ. ತಿಂದು ನೋಡಿ ಮಾತು ಮುಗಿಸೋಣ."

ಹುಡುಗ ಒಳ್ಳೆಯವನು. ನನಗೆ ಸಹಾಯ ಮಾಡಲು ಹೋಗಿ ಗುಂಡಿ ತೋಡಿದ. "ಮಾವಾ, ಕಷ್ಟಪಡ್ಬೇಡಿ. ಗೆಣಸಿನ ಕ್ಯಾಸರೋಲ್ ಮಾಡಿ. ನಮ್ಮ ಬನಿಯನ್ ಕೊಳ್ಳೋ ವಿದೇಶಿ ಬಯ್ಯರ್ ಮನೇಲಿ ತಿಂದಿದ್ದೆ, ಸಿಹಿನೂ ಇರ್ತದೆ, ಖಾರನೂ ಇರ್ತದೆ. ಗೆಣಸು ಬೇಯಿಸಿ, ಹಿಸುಕಿ, ಬೆಣ್ಣೆ, ಬೆಲ್ಲ, ಖಾರ ಎಲ್ಲ ಹಾಕಿ, ಕ್ಯಾಸರೋಲಲ್ಲಿ ತುಂಬಿ, ಮೇಲೆ ಫಾಯಿಲ್ ಮುಚ್ಚಿ ಓವನ್ನಲ್ಲಿ ಮುಕ್ಕಾಲು ಗಂಟೆ. ಅಷ್ಟೇ!"

ತಾಯಿ ಮಂಡಿಯಿಂದ ಒಂದು ಮೂಟೆ ಗೆಣಸು ಹೊರಿಸಿ ಕಳಿಸಿದರು. ಬಸ್ಸಿನಲ್ಲಿ ಆ ಮೂಟೆ ನನ್ನ ಕಾಲ ಮಧ್ಯೆ ಕೂತಿತ್ತು. ಅರ್ಧ ದಾರಿಯ ಅನ್ನೂರು ದಾಟುತ್ತಿದ್ದಂತೆ ಚಂದ್ರಾ ನನ್ನ ಕಡೆ ತಿರುಗಿದಳು.

"ನಮ್ಮನೇಲಿ ಅಡ್ಗೆ ಮಾಡೋದು ನೀವಾ?"

"ಅದು... ತತ್ವದ ಮಾತು ಚಂದ್ರಾ."

"ತತ್ವಕ್ಕೆ ಎಷ್ಟು ವಿಸಿಲ್ ಕೂಗಿಸ್ಬೇಕು?"

"ನೋಡು, ಒಂದು ಭಾನುವಾರ. ನೀನು ಮಾಡು, ನಾನು ಮಾಡಿದೆ ಅಂತ..."

"ಆಗೋ ಮಾತಲ್ಲ. ಭಾನುವಾರ ನಾನು ಸ್ಟ್ರೈಕು. ಆ ಕಡೆ ತಲೆ ಹಾಕಲ್ಲ."

"ನೋಟಿಸ್ ಕೊಡದೆ ಸ್ಟ್ರೈಕಾ?"

"ತಾಳಿ ಕಟ್ಟಿದ ದಿನದಿಂದ ಕೊಡ್ತಾನೇ ಇದ್ದೀನಿ. ನೀವು ಓದ್ಲಿಲ್ಲ!"

ಭಾನುವಾರ ಬಂತು. ಚಂದ್ರಾ ಹೇಳಿದಂತೆಯೇ ಹಾಲ್‌ನಲ್ಲಿ ಕಾಲು ಚಾಚಿ ಟೀವಿ ಹಚ್ಚಿದಳು. ನಾನು ಪಂಚೆ ಎತ್ತಿ ಕಟ್ಟಿ, ಹೆಗಲಿಗೆ ಕೆಂಪು ಟವೆಲ್ ಹಾಕಿ, ಅಡುಗೆಮನೆಯೆಂಬ ಕಾರ್ಖಾನೆಗೆ ಪ್ರವೇಶಿಸಿದೆ. ಬೆಲ್ಲ, ಬೆಣ್ಣೆ, ಈರುಳ್ಳಿ, ಮೆಣಸಿನಪುಡಿ ಎಲ್ಲವನ್ನೂ ಅಂಗಡಿಯಿಂದ ಹೊಸದಾಗಿ ತಂದಿದ್ದೆ. ಮನೆಯಲ್ಲಿ ಯಾವುದು ಎಲ್ಲಿದೆ ಎಂದು ಸ್ಟ್ರೈಕಿನಲ್ಲಿದ್ದವರನ್ನು ಕೇಳಿದರೆ ಮರ್ಯಾದೆ ಏನಾಗಬೇಕು?

ಗೆಣಸು ಬೆಂದಿತು. ಸಿಪ್ಪೆ ಸುಲಿಯುವಾಗ ಬೆರಳೂ ಬೆಂದವು. ಹಿಸುಕಿದೆ. ಬೆಲ್ಲ ಹಾಕಿ ನೆಕ್ಕಿ ನೋಡಿದೆ: ಬರೀ ಸಿಹಿ. ಮೆಣಸಿನಪುಡಿ ಹಾಕಿದೆ: ಸಿಹಿ ತಲೆಮರೆಸಿಕೊಂಡಿತು. ಮತ್ತೆ ಬೆಲ್ಲ. ಖಾರ ಮುನಿಸಿಕೊಂಡು ಹೊರನಡೆಯಿತು. ಮತ್ತೆ ಖಾರ. ಸಿಹಿಯೂ ಖಾರವೂ ಒಂದೇ ಪಾತ್ರೆಯಲ್ಲಿ ಇರುವುದೆಂದರೆ ಮಗ್ಗದ ಒಡೆಯ ಮುತಲಾಳಿಯೂ ಕೂಲಿಯವನೂ ಒಂದೇ ಬೆಂಚಿನಲ್ಲಿ ಕೂತ ಹಾಗೆ. ಒಬ್ಬ ಕೂತರೆ ಇನ್ನೊಬ್ಬ ಏಳುತ್ತಾನೆ! ಎರಡೂ ಕಡೆಯವರನ್ನು ಸಮಾಧಾನ ಮಾಡಲು ಗೆಣಸು ಸೇರಿಸುತ್ತಾ ಹೋದೆ. ಸಣ್ಣ ಪಾತ್ರೆಯಿಂದ ದೊಡ್ಡ ಪಾತ್ರೆ, ದೊಡ್ಡ ಪಾತ್ರೆಯಿಂದ ಹಂಡೆ.

ಮಗಳು ರೇಷ್ಮೆ ಸೀರೆ ಉಟ್ಟು ಬಾಗಿಲಿಗೆ ಬಂದು ಬಂದು ಹೋಗುತ್ತಿದ್ದಳು. ಉಗುರು ಕಚ್ಚಿ ಕಚ್ಚಿ ನೇಲ್ ಪಾಲಿಶ್ ಅರ್ಧ ಹೊಟ್ಟೆ ಸೇರಿತ್ತು.

"ಅಪ್ಪಾ, ಆಯ್ತಾ?"

"ಮಾತುಕತೆ ನಡೀತಿದೆ."

"ಅಪ್ಪಾ, ಅವರು ಅನ್ನೂರು ದಾಟಿದ್ರಂತೆ!"

ಸಾಕು ಎಂದು ತೀರ್ಮಾನಿಸಿದೆ. ಈಗ ಕ್ಯಾಸರೋಲ್!

ಕ್ಯಾಸರೋಲ್ ನನಗೆ ಗೊತ್ತಿಲ್ಲವೆ? ಇಡ್ಲಿ, ಚಪಾತಿ ಆರದ ಹಾಗೆ ಇಡುವ ಡಬ್ಬ. ಹೊರಗೆ ಹೂವಿನ ಪ್ಲಾಸ್ಟಿಕ್, ಒಳಗೆ ಸ್ಟೀಲು. ರಟ್ಟಿನ ಪೆಟ್ಟಿಗೆಯ ಮೇಲೆ ದೊಡ್ಡದಾಗಿ 'ಕ್ಯಾಸರೋಲ್' ಎಂದೇ ಬರೆದಿರುತ್ತದೆ. ಮದುವೆ, ಗೃಹಪ್ರವೇಶ, ಸನ್ಮಾನ ಯಾವುದಕ್ಕೆ ಹೋದರೂ ಅದನ್ನೇ ಕೊಡುತ್ತಾರೆ. ನಮ್ಮ ಮನೆಯ ಅಟ್ಟದಲ್ಲಿ ಅವುಗಳದೇ ಒಂದು ಕಾಲೊನಿ ಇದೆ. ಅದರಲ್ಲಿ ಭಾರಿಯಾದ, ಕೆಂಪಾದ, ಸಂಘದವರು ಕೊಟ್ಟ, ಮುಚ್ಚಳದ ಮೇಲೆ 'ಹೋರಾಟವೇ ಬದುಕು' ಎಂದು ಅಚ್ಚಾದ ಕ್ಯಾಸರೋಲನ್ನು ಇಳಿಸಿದೆ. ಗೆಣಸು ತುಂಬಿದೆ. ಮೇಲೆ ಮಾತ್ರ ಯಾಕೆ ಎಂದು ಸುತ್ತಲೂ ಫಾಯಿಲ್ ಸುತ್ತಿದೆ. ಬೆಳ್ಳಿಯ ಕಲಶದ ಹಾಗೆ ಹೊಳೆಯಿತು.

ಓವನ್ ಇದ್ದದ್ದು ಬೀದಿ ಮೂಲೆಯ ಮುತ್ತುಸಾಮಿಯ ಬೇಕರಿಯಲ್ಲಿ. ಸಂಜೆಯ ಬನ್ನುಗಳನ್ನು ಒಳಗಿಡುತ್ತಿದ್ದ.

"ಎನ್ನಂಗಣ್ಣಾ, ಬಾಂಬಾ?" ಎಂದ ತಮಿಳಿನಲ್ಲಿ.

"ಬಾಂಬಲ್ಲ, ಕ್ಯಾಸರೋಲ್. ಮುಕ್ಕಾಲು ಗಂಟೆ ಒಳಗಿಡು. ಮಗಳ ಮದುವೆ ವಿಷಯ."

"ಪಾತ್ರೆ ಸೂಡು ತಾಂಗುಮಾ?" ಬಿಸಿ ತಡೆಯುತ್ತದಾ ಎಂದು ಕೇಳಿದ, ಪಾಪ.

ನನಗೆ ನಗು ಬಂತು. "ಸೂಡು ತಾಂಗುಮಾವಾ? ಯಪ್ಪಾ, ಅದರ ಉದ್ಯೋಗವೇ ಸೂಡು! ಒಂದು ಸಲ ಬಿಸಿ ಒಳಗೆ ಹೋದರೆ ರಾತ್ರಿವರೆಗೂ ಬಿಡಲ್ಲ!"

ಮುತ್ತುಸಾಮಿ ಒಪ್ಪಿದ. ನನ್ನ ಮಾತಿಗೆ ಒಪ್ಪದೆ ಇರುವುದು ಈ ಬೀದಿಯಲ್ಲಿ ಚಂದ್ರಾ ಒಬ್ಬಳೇ.

ಮನೆಗೆ ಬಂದರೆ ತಾಯಿ ಮಗ ಆಗಲೇ ಕುರ್ಚಿಯಲ್ಲಿದ್ದರು. ರಂಗನಾಯಕಿ ಅಮ್ಮ ಮೂಗು ಎತ್ತಿ ಗಾಳಿ ಎಳೆದುಕೊಂಡರು. "ಏನುಂಗ ಸಮ್ಮಂದಿ, ಅಡ್ಗೆ ವಾಸ್ನೆನೇ ಇಲ್ವೇ?"

ಸಮ್ಮಂದಿ ಅಂದರು! ಬೀಗರೇ ಎಂದು ಕರೆದಾಯಿತು, ಅರ್ಧ ಗೆದ್ದೆ ಎಂದುಕೊಂಡೆ. "ಇದು ಓವನ್ ಅಡ್ಗೆ ಅಮ್ಮಾ. ವಿದೇಶದ್ದು. ಸದ್ದಿಲ್ಲದೆ ಆಗ್ತದೆ, ವಾಸ್ನೆ ಬರಲ್ಲ."

ಹೇಳಿ ಬಾಯಿ ಮುಚ್ಚಲಿಲ್ಲ, ಕಿಟಕಿಯಿಂದ ವಾಸನೆ ಬಂತು.

"ಎಲ್ಲೋ ವೈರು ಸುಡ್ತಿದೆ," ಎಂದ ಮಣಿಕಂಡನ್.

ನನ್ನ ಫೋನು ಬಡಿದುಕೊಂಡಿತು. ಆ ಕಡೆ ಮುತ್ತುಸಾಮಿ ಅಳುತ್ತಿದ್ದ. "ಅಣ್ಣಾ, ಉಂಗ ಕಿಳಂಗು ಸೊಟ್ಟುದಣ್ಣಾ! ಸೆಗಪ್ಪಾ ಸೊಟ್ಟುದು!" ನಿಮ್ಮ ಗೆಣಸು ತೊಟ್ಟಿಕ್ಕುತ್ತಿದೆ, ಕೆಂಪಗೆ ತೊಟ್ಟಿಕ್ಕುತ್ತಿದೆ!

ಓಡಿದೆ. ನನ್ನ ಹಿಂದೆ ಮಗಳು, ಅವಳ ಹಿಂದೆ ಹುಡುಗ, ಹಿಂದೆ ರಂಗನಾಯಕಿ ಅಮ್ಮ, ಟೀವಿ ಆರಿಸಿ ಚಂದ್ರಾ. ಇದೇ ನೋಡಿ ತಪ್ಪಾದದ್ದು! ಕೆಂಪು ಟವೆಲ್ ಹಾಕಿಕೊಂಡು ಲಿಂಗಸಾಮಿ ಮುಂದೆ, ಹಿಂದೆ ನಾಲ್ಕು ಜನ; ನಮ್ಮೂರಲ್ಲಿ ಇದಕ್ಕೆ ಒಂದೇ ಅರ್ಥ. ಮಗ್ಗ ನಿಲ್ಲಿಸಿ ಜನ ಹೊರಬಂದರು. ಲುಂಗಿ ಕಟ್ಟಿಕೊಳ್ಳುತ್ತಾ ಮೆರವಣಿಗೆಗೆ ಸೇರಿದರು.

"ಅಣ್ಣಾ, ಬೇಡಿಕೆ ಏನು?" ಎಂದು ಒಬ್ಬ ಕೂಗಿದ.

"ನೀರು!" ಎಂದು ಅರಚಿದೆ.

"ಬೇಕು ಬೇಕು!" "ನೀರು ಬೇಕು!" ಬೀದಿ ನಡುಗಿತು. ಮುಷ್ಟಿಗಳು ಮೇಲೆದ್ದವು. ಒಬ್ಬನಾದರೂ ಒಂದು ಚೊಂಬು ನೀರು ತರಬೇಡವೆ? ನಾನು ಪಳಗಿಸಿದ ಜನ, ಏನು ಮಾಡುವುದು!

ಬೇಕರಿ ಕಾಣಿಸುತ್ತಿರಲಿಲ್ಲ. ಕಪ್ಪು ಹೊಗೆ ಕಾಣಿಸುತ್ತಿತ್ತು. ಮುತ್ತುಸಾಮಿ ಉದ್ದನೆಯ ಸಲಿಕೆಯಿಂದ ಅದನ್ನು ಹೊರಗೆಳೆದ. ಕೆಂಪು ಕೊಳ, ಅದರಲ್ಲಿ ತೇಲುವ ಫಾಯಿಲ್, ನಡುವೆ ಬಾಗಿ ಬಿದ್ದ ಸ್ಟೀಲ್ ಬಟ್ಟಲು. ಮುಚ್ಚಳದಲ್ಲಿ 'ಹೋರಾಟ' ಕರಗಿ ಹೋಗಿತ್ತು, 'ಬದುಕು' ಸೊಟ್ಟಗಾಗಿತ್ತು. ಸಂಜೆಯ ಬನ್ನುಗಳೆಲ್ಲ ಟೈರಿನ ವಾಸನೆ ಹೊಡೆಯುತ್ತಿದ್ದವು.

ಮಣಿಕಂಡನ್ ಬಗ್ಗಿ ನೋಡಿದ. "ಮಾವಾ... ಹಾಟ್‌ಬಾಕ್ಸನ್ನ ಓವನ್ನಲ್ಲಿ ಇಟ್ರಾ? ವಿದೇಶದಲ್ಲಿ ಕ್ಯಾಸರೋಲ್ ಅಂದ್ರೆ ಓವನ್ನಲ್ಲಿಡೋ ಪಿಂಗಾಣಿ ಪಾತ್ರೆ, ಮಾವಾ!"

ಘೋಷಣೆ ನಿಂತಿತು. ಇಡೀ ಬೀದಿ ಕೇಳಿಸಿಕೊಂಡಿತು. ಅಭಿನಯಾ ಕಣ್ಣು ತುಂಬಿಕೊಂಡು ನೆಲ ನೋಡುತ್ತಿದ್ದಳು. ಆ ಮುಖ ನೋಡಿ ಹೆಗಲಿನ ಕೆಂಪು ಟವೆಲ್ ತೆಗೆದು ಕೈಯಲ್ಲಿ ಹಿಡಿದೆ.

ರಂಗನಾಯಕಿ ಅಮ್ಮ ಸೆರಗು ಮೂಗಿಗೆ ಹಿಡಿದು ನನ್ನ ಎದುರು ಬಂದು ನಿಂತರು. "ನಿಜ ಹೇಳಿ. ನಿಮ್ಮನೇಲಿ ಅಡ್ಗೆ ಯಾರುಂಗ ಮಾಡೋದು?"

"ಚಂದ್ರಾ," ಎಂದೆ.

"ನೀವು?"

"ತಿಂತೀನಿ."

"ಹುಡುಗಿ?"

ಅಭಿನಯಾ ಅಳುತ್ತಲೇ ತಲೆ ಎತ್ತಿದಳು. "ನೂಡಲ್ಸೂ ಬರಲ್ಲ ಅತ್ತೆ. ಗ್ಯಾಸ್ ಹಚ್ಚೋಕೂ ಭಯ. ಸುಳ್ಳು ಹೇಳಿ ನಿಮ್ಮನೆಗೆ ಬರಲ್ಲ."

ಮುಗಿಯಿತು ಎಂದುಕೊಂಡೆ. ರಂಗನಾಯಕಿ ಅಮ್ಮ ಎದೆಯ ಮೇಲೆ ಕೈಯಿಟ್ಟು ದೊಡ್ಡದಾಗಿ ಉಸಿರು ಬಿಟ್ಟರು.

"ಅಪ್ಪಾಡಾ! ಇದನ್ನ ಅವತ್ತೇ ಹೇಳಬಾರದಾ? ದೊಡ್ಡ ಸೊಸೆ ಅಡ್ಗೆ ಬಲ್ಲೋಳು. ಅವಳು ಬಂದ ಮೇಲೆ ನನ್ನ ಅಡ್ಗೆಮನೇಲಿ ನಾನೇ ನೆಂಟಳು. ಇನ್ನೊಬ್ಬಳು ಬಲ್ಲೋಳು ಬಂದ್ರೆ ನಾನು ಬೀದೀಲಿ ನಿಲ್ಲಬೇಕು! ಬರಲ್ಲ ಅಂತ ಒಂದು ಮಾತು ಬರ್ಲಿ ಅಂತಾನೇ ಕೇಳಿದ್ದು, ನೀವು ಭಾಷಣ ಬಿಟ್ರಿ. ವಂಶದಲ್ಲೇ ಅಡ್ಗೆ ಇರೋ ಮನೆಯಪ್ಪಾ ಅಂತ ಮೂರು ರಾತ್ರಿ ನಿದ್ದೆ ಇಲ್ಲ ನನಗೆ! ಬಾ ಕಣಮ್ಮಾ, ನೀನೇ ನನ್ನ ಸೊಸೆ."

ಜನ ಚಪ್ಪಾಳೆ ಹೊಡೆದರು. ಹೋರಾಟಕ್ಕೆ ಜಯ ಎಂದು ಯಾರೋ ಕೂಗಿದರು. ಮುತ್ತುಸಾಮಿ ಮಾತ್ರ ಕೂಗಲಿಲ್ಲ. ಮರುದಿನ ಅವನ ಓವನ್ ಕೆರೆದುಕೊಟ್ಟವನು ನಾನೇ.

ಮನೆಗೆ ಬಂದು, ಊಟಕ್ಕೆಂದು ಬಂದ ಆ ತಾಯಿಯೇ ಸೆರಗು ಸಿಕ್ಕಿಸಿ, ಮೂಟೆಯ ತಳದಲ್ಲಿ ಉಳಿದ ಗೆಣಸು ತೊಳೆದು ಒಲೆಗಿಟ್ಟರು. ನಾನು ನಾಚಿಕೆ ಬಿಟ್ಟು ಸಹಾಯಕ್ಕೆ ನಿಂತೆ.

"ಉಪ್ಪು ಕೊಡೀಂಗ ಸಮ್ಮಂದಿ."

ಉಪ್ಪು! ಬೆಳಗಿನಿಂದ ಅಷ್ಟು ಬೆಲ್ಲ, ಅಷ್ಟು ಖಾರ ಸುರಿದವನು ಉಪ್ಪನ್ನೇ ಹಾಕಿರಲಿಲ್ಲ ಎಂದು ಆಗ ಹೊಳೆಯಿತು. ಎದುರಿಗೆ ಗೋಡೆ ತುಂಬ ಡಬ್ಬಗಳು. ಒಂದು ತೆರೆದೆ, ರವೆ. ಇನ್ನೊಂದು, ಕಡಲೆ. ಮತ್ತೊಂದರಲ್ಲಿ ಸೇಫ್ಟಿ ಪಿನ್ನು.

"ಚಂದ್ರಾ, ಉಪ್ಪೆಲ್ಲಿ?"

ಹಾಲ್‌ನಿಂದ ಉತ್ತರ ಬಂತು: "ಎಷ್ಟು ದಿನ ಆಯ್ತುಂಗ ನೀವು ಈ ಮನೆಗೆ ಬಂದು?"

ಓದಿ ನಗುತ್ತಿದ್ದೀರಲ್ಲ ಗಂಡಸರೇ? ನಿಲ್ಲಿಸಿ. ಈ ಪುಟ ಕೆಳಗಿಟ್ಟು ಎದ್ದೇಳಿ. ಹೆಂಡತಿಯನ್ನು ಕೇಳದೆ, ತಾಯಿಯನ್ನು ಕೇಳದೆ, ನಿಮ್ಮ ಮನೆಯ ಉಪ್ಪಿನ ಡಬ್ಬವನ್ನು ಮೊದಲ ಸಲಕ್ಕೇ ತೆಗೆದು ತೋರಿಸಿ. ತೋರಿಸಿದ ಮೇಲೆ ನಗಿ!