ಅಕ್ಕನ ಕೇಸಿಗೆ ನಾನೇ ಕಿವಿ

ಈ ಲೋಕದಲ್ಲಿ ನನ್ನ ಮೇಲೆ ಕೇಸು ಹಾಕಿದವರು ಒಬ್ಬರೇ. ಕಲಬುರಗಿ ಬಸ್ಸಿನಲ್ಲಿ ನನಗಾಗಿ ಟವೆಲ್ ಹಾಕಿ ಸೀಟು ಹಿಡಿಯುವವರೂ ಅವರೇ. ನನ್ನ ಅಕ್ಕ!

ಜಗಳ ದೊಡ್ಡದೇನಲ್ಲ. ಕಮಲಾಪುರದಲ್ಲಿ ಅಪ್ಪ ಹಿಂದಿನ ಕೆಂಪು ಬಾಳೆ ತೋಟವನ್ನು ಅವಳಿಗೆ ಕೊಟ್ಟ, ಮುಂದಿನ ಹೊಲವನ್ನು ನನಗೆ. ತೋಟದ ದಾರಿ ಮಾತ್ರ ನನ್ನ ಹೊಲದೊಳಗೆ. ಯಾವುದೋ ಸಿಟ್ಟಿನಲ್ಲಿ ನಾನು ಅದಕ್ಕೆ ಮುಳ್ಳುಬೇಲಿ ಬಡಿದೆ. ಅಕ್ಕ ಬೈಯಲಿಲ್ಲ, ಅಳಲಿಲ್ಲ. ಗೊನೆ ಹೊತ್ತು ಹಳ್ಳ ಸುತ್ತಿ ಬರತೊಡಗಿದಳು, ದಾರಿ ಬೇಕೆಂದು ಕೋರ್ಟಿಗೆ ಅರ್ಜಿ ಹಾಕಿದಳು.

ಕೋರ್ಟಿಗೆ ಹೊರಟರೆ ಬೀಗರ ಮನೆಗೆ ಹೊರಟಷ್ಟು ಸಡಗರ. ಇಳಕಲ್ ಸೀರೆ, ಕೈಚೀಲದ ತುಂಬ ಹಣ್ಣು. ತನ್ನ ವಕೀಲರಿಗೆ ಎರಡು, ನನ್ನ ವಕೀಲರಿಗೆ ನಾಲ್ಕು. ಪಾಪ, ಸೋಲುವವರಲ್ಲವೇ ಎಂಬ ಕನಿಕರ!

ಅಕ್ಕನ ಕಿವಿ ಮಂದ. ಆದರೆ ಕೇಳಬೇಕಾದದ್ದು ಹೇಗೋ ಕೇಳುತ್ತದೆ. ಒಮ್ಮೆ ಅವಳ ವಕೀಲರು ನನ್ನ ದುರಾಸೆಯನ್ನು ಜಡ್ಜರ ಮುಂದೆ ಬಣ್ಣಿಸುತ್ತಿದ್ದಾಗ ಹಿಂದಿನಿಂದ ಅವರ ಕರಿಕೋಟು ಜಗ್ಗಿದಳು. "ವಕೀಲ ಸಾಬ್ರ, ದಾರಿ ಅಷ್ಟೇ ಕೇಳ್ರಿ. ನಮ್ಮ ತಮ್ಮಗ ಬೈಲಿಕ್ಕ ಫೀಸು ಕೊಟ್ಟಿಲ್ಲ ನಾ."

ಜವಾನ ಹೆಸರು ಕೂಗಿದಾಗ, ಬೇವಿನ ಮರದ ಕೆಳಗೆ ಕೂತ ಅವಳನ್ನು ಎಬ್ಬಿಸಿ ಒಳಗೆ ತರುವ ಕೆಲಸ ನನ್ನದು. ಹೌದು, ಎದುರು ಪಾರ್ಟಿಯದು!

ಒಂದು ದಿನ ಅವಳ ವಕೀಲರು ಬೇರೆ ಕೋರ್ಟ್ ಹಾಲ್‌ನಲ್ಲಿದ್ದರು. ಜವಾನ ಮೂರು ಸಲ ಕೂಗಿದ. ಕಿಟಕಿಯಲ್ಲಿ ಅಕ್ಕ ಕಾಣುತ್ತಿದ್ದಳು. ಬುತ್ತಿಗಂಟು ಬಿಚ್ಚಿ ಮೆತ್ತನೆಯ ರೊಟ್ಟಿಗಳನ್ನು ನನ್ನ ಪಾಲಿಗೆ ಬೇರೆ ಇಡುತ್ತಿದ್ದಳು. ನಾನು ಬೆಂಚು ಬಿಟ್ಟು ಏಳಲಿಲ್ಲ. ಅರ್ಜಿದಾರರು ಗೈರು, ಅರ್ಜಿ ವಜಾ. ಗೆದ್ದೆ! ಗೆದ್ದವನು ಹೊರಗೆ ಹೋಗಿ ಊಟಕ್ಕೆ ಕೂತೆ. ತುತ್ತು ಗಂಟಲಲ್ಲಿ ಇಳಿಯಲಿಲ್ಲ ಎಂದರೆ ಸುಳ್ಳಾದೀತು. ನಾಲ್ಕು ರೊಟ್ಟಿ ತಿಂದೆ.

ವಜಾ ಆದದ್ದು ತಿಳಿದ ಮೇಲೆ ಅವಳ ವಕೀಲರು, ಕೇಸನ್ನು ಮತ್ತೆ ತೆಗೆದುಕೊಳ್ಳಬೇಕೆಂದು ಕೇಳಿಕೊಂಡರು. ಕೂಗಿದಾಗ ಯಾಕೆ ಬರಲಿಲ್ಲ ಎಂದು ಜಡ್ಜರು ಅಕ್ಕನನ್ನೇ ಕೇಳಿದರು. ಕಿವಿ ಮಂದ ಎಂದಳು. ಯಾರೂ ಕರೆಯಲಿಲ್ಲವೇ ಎಂದು ಮತ್ತೆ ಕೇಳಿದರು.

"ನಮ್ಮ ತಮ್ಮ ಕರದಿರ್ತಾನ್ರಿ ಸಾಹೇಬ್ರ. ಅಂವ ಕರೀದೆ ಇರಾಂವಲ್ಲ. ನನಗೇ ಕೇಳ್ಸಿಲ್ಲ."

ಕೇಸು ಮತ್ತೆ ಬದುಕಿತು. ಸಂಜೆ ಬಸ್ಸಿನಲ್ಲಿ ಅವಳು ಹಿಡಿದಿಟ್ಟ ಸೀಟಿನಲ್ಲಿ ಕೂರಲು ನನಗಾಗಲಿಲ್ಲ.

"ಅಕ್ಕಾ, ಅವತ್ತ ನಾ ಕರದಿಲ್ಲ" ಎಂದೆ, ಅರ್ಧ ಬಸ್ಸು ತಿರುಗಿ ನೋಡುವಷ್ಟು ಜೋರಾಗಿ. ಅವಳು ಕಿಟಕಿಯಾಚೆ ನೋಡುತ್ತಿದ್ದಳು.

"ನಾಳೆ ಬೇಲಿ ಕೀಳ್ತೀನಿ." ಇದು ನನಗೇ ಸರಿಯಾಗಿ ಕೇಳಿಸಲಿಲ್ಲ.

ಅಕ್ಕ ಟವೆಲ್ ತೆಗೆದು ಸೀಟು ಒರೆಸಿದಳು.

"ಮುಳ್ಳು ಚುಚ್ಚತಾವ. ಕುಡಗೋಲು ತಗೊಂಡು ನಾನೂ ಬರ್ತೀನಿ. ಕೂಡು."